ಭೂಸ್ಥಿರ ಅಂದ್ರೆ ನಿಂತಿದೆ ಅಂತಾನಾ? ಮಗನಿಗೆ ಯಾವ ಪುಸ್ತಕ ಕೊಡಲಿ?

ಸಾಲಗಾಮೆ ರಸ್ತೆ ಅಮ್ಮ · ಭಾನುವಾರ ರಾತ್ರಿ

ಎಲ್ಲರಿಗೂ ನಮಸ್ಕಾರ. ನಾವು ಹಾಸನದವರು, ಸಾಲಗಾಮೆ ರಸ್ತೆ ಕಡೆ ಮನೆ. ಮಗ ಆರನೇ ಕ್ಲಾಸು, ಕನ್ನಡ ಮಾಧ್ಯಮ. ಇಲ್ಲಿನ ಎಂ.ಸಿ.ಎಫ್. (ಇಸ್ರೋದ ಉಪಗ್ರಹ ನಿಯಂತ್ರಣ ಕೇಂದ್ರ) ಕಡೆ ಹೋದಾಗೆಲ್ಲ ಅಲ್ಲಿನ ದೊಡ್ಡ ದೊಡ್ಡ ಬಿಳಿ ಡಿಶ್ ನೋಡಿ ಏನಾದರೂ ಕೇಳುತ್ತಲೇ ಇರುತ್ತಾನೆ. ಹೋದ ತಿಂಗಳು ಹುಟ್ಟುಹಬ್ಬಕ್ಕೆ ಅವನ ಸೋದರಮಾವ ಬಾಹ್ಯಾಕಾಶದ ಪುಸ್ತಕ ತಂದುಕೊಟ್ಟರು. ದಪ್ಪ ಹಾಳೆ, ಪುಟಪುಟಕ್ಕೂ ಬಣ್ಣದ ಚಿತ್ರ. ಎರಡೇ ದಿನಕ್ಕೆ ಓದಿ ಮುಗಿಸಿದ.

ಮೂರನೇ ದಿನ ನಾನು ದೋಸೆ ಹುಯ್ಯುವಾಗ ಬಂದು ಕೇಳಿದ: "ಅಮ್ಮ, ಭೂಸ್ಥಿರ ಉಪಗ್ರಹ ಅಂದ್ರೆ ಒಂದೇ ಕಡೆ ಇರುತ್ತಂತೆ. ಸ್ಥಿರ ಅಂದ್ರೆ ನಿಂತಿರೋದು ತಾನೇ? ನಿಂತಿದ್ರೆ ಕೆಳಗೆ ಬೀಳಬೇಕಲ್ವಾ?"

ಪುಸ್ತಕ ತೆಗೆದು ನೋಡಿದೆ. 36,000 ಕಿಲೋಮೀಟರ್ ಎತ್ತರ ಅಂತ ಇದೆ. ರಾಕೆಟ್ ಚಿತ್ರ ಇದೆ. ಯಾಕೆ ಬೀಳಲ್ಲ ಅನ್ನುವುದು ಮಾತ್ರ ಎಲ್ಲೂ ಇಲ್ಲ. ನಾನು ಬಿ.ಕಾಂ. ಓದಿದವಳು, ನನಗೂ ಹೇಳಲು ಬರಲಿಲ್ಲ. ಅವನು ಸುಮ್ಮನಾದ. ಹಾಗೆ ಸುಮ್ಮನಾಗಿದ್ದು ನನಗೆ ತುಂಬಾ ಬೇಜಾರಾಯಿತು.

ಚಿತ್ರ ಕಡಿಮೆ ಇದ್ದರೂ ಪರವಾಗಿಲ್ಲ. ಹೇಗೆ, ಯಾಕೆ ಅಂತ ಹೇಳುವ ಪುಸ್ತಕ ಬೇಕು. ಬಾಹ್ಯಾಕಾಶದ್ದೂ ಆಗಬಹುದು, ಮೆಷಿನ್‌ಗಳದ್ದೂ ಆಗಬಹುದು. ಕನ್ನಡದಲ್ಲಿ ಇದ್ದರೆ ಒಳ್ಳೆಯದು. ಗೊತ್ತಿರುವವರು ಹೇಳಿ.

ಅರಸೀಕೆರೆ ಮೇಷ್ಟ್ರು · ಭಾನುವಾರ ರಾತ್ರಿ

ತಾಯಿ, ಪುಸ್ತಕದ ಮಾತು ಆಮೇಲೆ. ಮೊದಲು ಹುಡುಗನಿಗೆ ಉತ್ತರ ಕೊಡೋಣ. ಅವನು ಕೇಳಿದ್ದು ಸರಿಯಾಗಿದೆ. ನಿಂತಿದ್ದರೆ ಬಿದ್ದೇ ಬೀಳುತ್ತಿತ್ತು. ಅದು ನಿಂತಿಲ್ಲ. "ಸ್ಥಿರ" ಅನ್ನುವ ಪದ ನಾವು ನೆಲದಿಂದ ನೋಡಿ ಇಟ್ಟದ್ದು.

ನಾನು ಚಿಕ್ಕವನಿದ್ದಾಗ ನಮ್ಮ ಕಣದಲ್ಲಿ ನಡುವೆ ಮೇಟಿ ನೆಟ್ಟು, ಅದಕ್ಕೆ ಎತ್ತುಗಳನ್ನು ಸಾಲಾಗಿ ಕಟ್ಟಿ ರಾಗಿ ತುಳಿಸುತ್ತಿದ್ದರು. ಮೇಟಿ ಪಕ್ಕದ ಎತ್ತು ಆರಾಮಾಗಿ ಹೆಜ್ಜೆ ಹಾಕುತ್ತಿತ್ತು. ಸಾಲಿನ ಕೊನೆಯ ಎತ್ತು ಬಿರಬಿರನೆ ನಡೆಯಬೇಕಿತ್ತು. ಆದರೆ ಸಾಲು ಮುರಿಯುತ್ತಿರಲಿಲ್ಲ. ಒಳಗಿನ ಎತ್ತಿಗೆ ಹೊರಗಿನದು ಯಾವಾಗಲೂ ಪಕ್ಕದಲ್ಲೇ ಕಾಣುತ್ತಿತ್ತು. ನಿಮ್ಮ ಮನೆ ಒಳಗಿನ ಎತ್ತು, ಉಪಗ್ರಹ ಹೊರಗಿನದು. ಭೂಮಿ ತಿರುಗುವುದರಿಂದ ಹಾಸನದ ನೆಲ ಸೆಕೆಂಡಿಗೆ ಸುಮಾರು 450 ಮೀಟರ್ ಓಡುತ್ತಿದೆ. ಉಪಗ್ರಹ ಸೆಕೆಂಡಿಗೆ 3 ಕಿಲೋಮೀಟರ್‌ಗೂ ಸ್ವಲ್ಪ ಜಾಸ್ತಿ. ಎರಡೂ ಒಂದೇ ಹೊತ್ತಿಗೆ ಒಂದು ಸುತ್ತು ಮುಗಿಸುತ್ತವೆ, 23 ಗಂಟೆ 56 ನಿಮಿಷಕ್ಕೆ. ಅದಕ್ಕೇ ಒಂದೇ ಕಡೆ ಇದ್ದ ಹಾಗೆ ಕಾಣುತ್ತದೆ.

ಇನ್ನು ಬೀಳುವ ಮಾತು. ಅದು ಬೀಳುತ್ತಲೇ ಇದೆ! ಅಷ್ಟು ಎತ್ತರದಲ್ಲಿ ಒಂದು ಸೆಕೆಂಡಿಗೆ ಭೂಮಿ ಕಡೆ ಬೀಳುವುದು ಸುಮಾರು 11 ಸೆಂಟಿಮೀಟರ್. ಅಷ್ಟರಲ್ಲಿ 3 ಕಿಲೋಮೀಟರ್ ಮುಂದೆ ಹೋಗಿರುತ್ತದೆ. ನೇರವಾಗಿ ಹೋಗಿದ್ದರೆ ಭೂಮಿಯಿಂದ 11 ಸೆಂಟಿಮೀಟರ್ ದೂರ ಸರಿಯುತ್ತಿತ್ತು. ಸರಿಯುವಷ್ಟೇ ಬೀಳುತ್ತದೆ, ಹಾಗಾಗಿ ದೂರ ಅಷ್ಟೇ ಉಳಿಯುತ್ತದೆ. ಅವನ ಕೈಗೆ ಸ್ಕೇಲು ಕೊಟ್ಟು 11 ಸೆಂಟಿಮೀಟರ್ ಎಷ್ಟು ಅಂತ ತೋರಿಸಿ.

ಬೇಲೂರು ಓದುಗಿ · ಸೋಮವಾರ ಬೆಳಿಗ್ಗೆ

ಮೇಷ್ಟ್ರೇ, ಎಂ.ಎಸ್ಸಿ. ಮಾಡಿದ ನನಗೂ ಯಾರೂ ಹೀಗೆ ಹೇಳಿರಲಿಲ್ಲ. ಸೂತ್ರ ಗೊತ್ತಿತ್ತು, 11 ಸೆಂಟಿಮೀಟರ್ ಗೊತ್ತಿರಲಿಲ್ಲ.

ಒಂದು ಅನುಮಾನ. ಮೇಟಿಗೆ ಕಟ್ಟಿದ ಎತ್ತು ನಿಧಾನ ಮಾಡಿದರೂ ಬೀಳುವುದಿಲ್ಲ. ಉಪಗ್ರಹಕ್ಕೆ ಆ ಸ್ವಾತಂತ್ರ್ಯ ಇಲ್ಲ ಅಲ್ವಾ? ಇದನ್ನೂ ಹುಡುಗನಿಗೆ ಹೇಳದಿದ್ದರೆ ಎಷ್ಟು ಎತ್ತರದಲ್ಲಿ ಬೇಕಾದರೂ ಹೀಗೆ ನಿಲ್ಲಿಸಬಹುದು ಅಂದುಕೊಳ್ಳುತ್ತಾನೆ.

ಅರಸೀಕೆರೆ ಮೇಷ್ಟ್ರು · ಸೋಮವಾರ ಬೆಳಿಗ್ಗೆ

ನಿಜ ತಾಯಿ, ಹೋಲಿಕೆ ಅಲ್ಲಿಗೆ ನಿಲ್ಲುತ್ತದೆ. ಎಷ್ಟು ಎತ್ತರಕ್ಕೆ ಎಷ್ಟು ವೇಗ ಅನ್ನುವುದನ್ನು ಭೂಮಿಯ ಸೆಳೆತವೇ ಗೊತ್ತು ಮಾಡುತ್ತದೆ. ಗಗನಯಾತ್ರಿಗಳಿರುವ ಅಂತರರಾಷ್ಟ್ರೀಯ ನಿಲ್ದಾಣ ಸುಮಾರು 400 ಕಿಲೋಮೀಟರ್ ಎತ್ತರದಲ್ಲಿದೆ. ಅಲ್ಲಿ ಸೆಳೆತ ಜೋರು. ಸೆಕೆಂಡಿಗೆ ಏಳೂವರೆ ಕಿಲೋಮೀಟರ್‌ಗಿಂತ ಜಾಸ್ತಿ ಓಡಲೇಬೇಕು, ಒಂದೂವರೆ ಗಂಟೆಗೆ ಒಂದು ಸುತ್ತು. ಮೇಲೆ ಹೋದಷ್ಟೂ ನಿಧಾನ. ಸರಿಯಾಗಿ ಒಂದು ದಿನಕ್ಕೆ ಒಂದು ಸುತ್ತು ಬರುವುದು ಒಂದೇ ಎತ್ತರದಲ್ಲಿ, 35,786 ಕಿಲೋಮೀಟರ್. ಅದೂ ಭೂಮಧ್ಯರೇಖೆಯ ಮೇಲೆ ಮಾತ್ರ. ನಾವು ದುಂಡು ಮಾಡಿ 36,000 ಅನ್ನುತ್ತೇವೆ.

ಆಲೂರು ಡಿಶ್ ಕೆಲಸ · ಸೋಮವಾರ ಮಧ್ಯಾಹ್ನ

ನಾನು ಓದಿದವನಲ್ಲ, ಹನ್ನೆರಡು ವರ್ಷದಿಂದ ಮನೆಮನೆಗೆ ಡಿಶ್ ಹಾಕುತ್ತಿದ್ದೇನೆ. ಅಕ್ಕ, ನಿಮ್ಮ ಮಗನನ್ನು ತಾರಸಿಗೆ ಕರೆದುಕೊಂಡು ಹೋಗಿ. ಪುಸ್ತಕದಲ್ಲಿ ಇಲ್ಲದ್ದು ಅಲ್ಲಿದೆ.

ಡಿಡಿ ಫ್ರೀ ಡಿಶ್ ಇರುವವರ ತಟ್ಟೆ ನೋಡಿ. ಅದು ನೋಡುವ ಉಪಗ್ರಹ 93.5 ಡಿಗ್ರಿ ಪೂರ್ವದಲ್ಲಿದೆ. ಹಾಸನದಿಂದ ಅದು ಆಗ್ನೇಯಕ್ಕೆ, ಸುಮಾರು 65 ಡಿಗ್ರಿ ಎತ್ತರದಲ್ಲಿ. ಅಂದರೆ ತುಂಬಾ ಮೇಲೆ. ಆದರೆ ತಟ್ಟೆ ಅಷ್ಟು ಮೇಲೆ ನೋಡುತ್ತಿರುವ ಹಾಗೆ ಕಾಣುವುದಿಲ್ಲ. ಎಷ್ಟೋ ಜನ "ತೆಂಗಿನಮರಕ್ಕೆ ತಿರುಗಿಸಿದ್ದೀಯಲ್ಲೋ" ಅಂತ ಜಗಳ ಮಾಡಿದ್ದಾರೆ. ಈ ತಟ್ಟೆ ದೊಡ್ಡ ಬೋಗುಣಿಯ ಒಂದು ಪಕ್ಕದ ತುಂಡು ಇದ್ದ ಹಾಗೆ. ಮೇಲಿನಿಂದ ಬಂದದ್ದನ್ನು ಓರೆಯಾಗಿ ಕೆಳಗಿರುವ ಎಲ್.ಎನ್.ಬಿ.ಗೆ, ಅಂದರೆ ತಟ್ಟೆ ಮುಂದೆ ಕಂಬಿಯ ತುದಿಯಲ್ಲಿ ಸಿಗ್ನಲ್ ಹಿಡಿಯುವ ಡಬ್ಬಿಗೆ, ಕೊಡುತ್ತದೆ. ಹಾಗಾಗಿ ಎಲ್.ಎನ್.ಬಿ. ನೆರಳು ತಟ್ಟೆಗೆ ಬೀಳುವುದಿಲ್ಲ. ಬೆರಳಿನಷ್ಟು ಅಲುಗಿಸಿದರೂ ಚಿತ್ರ ಹೋಗುತ್ತದೆ. ಒಮ್ಮೆ ಬಿಗಿ ಮಾಡಿದರೆ ವರ್ಷಗಟ್ಟಲೆ ಮುಟ್ಟುವುದೇ ಬೇಡ. ಮೇಷ್ಟ್ರು ಹೇಳಿದ ಎತ್ತು ಸಾಲು ಬಿಟ್ಟಿಲ್ಲ ಅನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ?

ಇನ್ನೊಂದು. ಮಾರ್ಚ್ ಮಧ್ಯದಲ್ಲಿ ಮತ್ತೆ ಸೆಪ್ಟೆಂಬರ್ ಕೊನೆಯಲ್ಲಿ ಕೆಲವು ದಿನ, ಮಧ್ಯಾಹ್ನಕ್ಕೆ ಮುಂಚೆ, ಐದ್ಹತ್ತು ನಿಮಿಷ ಟಿ.ವಿ. ತೊಂದರೆ ಕೊಡುತ್ತದೆ. ಮೋಡ ಇರುವುದಿಲ್ಲ, ವೈರ್ ಸರಿ ಇರುತ್ತದೆ. ಸೂರ್ಯ ಸರಿಯಾಗಿ ಉಪಗ್ರಹದ ಹಿಂದೆ ಬಂದು ನಿಂತಿರುತ್ತಾನೆ. ಅವನ ಸದ್ದಿನಲ್ಲಿ ಉಪಗ್ರಹದ ಸಣ್ಣ ದನಿ ಮುಳುಗುತ್ತದೆ. ಆಗ ಎಲ್.ಎನ್.ಬಿ. ನೆರಳು ತಟ್ಟೆ ಮೇಲೆ ಬೀಳುತ್ತದಾ ಇಲ್ಲವಾ ಅಂತ ನೋಡಲಿ. ಸೂರ್ಯನ ಕಡೆ ಮಾತ್ರ ನೋಡಬಾರದು.

ಮೂಡಿಗೆರೆ ತೋಟ · ಸೋಮವಾರ ರಾತ್ರಿ

ಅಣ್ಣ, ನಮಗೆ ಜುಲೈ ತಿಂಗಳಲ್ಲಿ ದಿನಾ ಹೋಗುತ್ತಲ್ಲ, ಅದು?

ಆಲೂರು ಡಿಶ್ ಕೆಲಸ · ಸೋಮವಾರ ರಾತ್ರಿ

ಅದು ಮಳೆ. ಸಣ್ಣ ತಟ್ಟೆಗೆ ಬರುವ ಅಲೆ ಎರಡೂವರೆ ಸೆಂಟಿಮೀಟರ್ ಉದ್ದದ್ದು. ಮಳೆ ಹನಿ ಅದನ್ನು ಸುಲಭವಾಗಿ ಹೀರಿಕೊಂಡು ಚದುರಿಸುತ್ತದೆ. ಹಿಂದೆ ಕೇಬಲ್‌ನವರು ಹಾಕುತ್ತಿದ್ದ ದೊಡ್ಡ ಜಾಲರಿ ಡಿಶ್‌ಗೆ ಬರುತ್ತಿದ್ದದ್ದು ಏಳೂವರೆ ಸೆಂಟಿಮೀಟರ್ ಅಲೆ. ಅದಕ್ಕೆ ಮಳೆ ಅಷ್ಟು ಅಡ್ಡ ಆಗುತ್ತಿರಲಿಲ್ಲ.

ಹಳೆ ಪುಸ್ತಕ, ಚಿಕ್ಕಮಗಳೂರು · ಮಂಗಳವಾರ ಬೆಳಿಗ್ಗೆ

ಅಕ್ಕ ಕೇಳಿದ್ದು ಪುಸ್ತಕ, ಅದಕ್ಕೆ ಬರುತ್ತೇನೆ. ನನ್ನ ಅಂಗಡಿಗೆ ಬರುವ ಅಪ್ಪ ಅಮ್ಮಂದಿರು ಮೊದಲು ನೋಡುವುದು ಹಾಳೆಯ ಹೊಳಪು. ನನ್ನ ಪರೀಕ್ಷೆ ಬೇರೆ. ಪುಸ್ತಕದ ಯಾವುದಾದರೂ ಪುಟ ತೆಗೆಯಿರಿ. "ಯಾಕೆಂದರೆ", "ಹಾಗಾಗಿ" ಎಷ್ಟು ಸಲ ಬಂದಿದೆ ನೋಡಿ. ಇಡೀ ಪುಟದಲ್ಲಿ ಒಂದೂ ಇಲ್ಲ, ಬರೀ "ಅತಿ ದೊಡ್ಡ, ಅತಿ ದೂರದ, ಅತಿ ಬಿಸಿಯಾದ" ಅಂತಿದ್ದರೆ ಆ ಪುಸ್ತಕ ಎರಡು ದಿನಕ್ಕೆ ಮುಗಿಯುತ್ತದೆ. ನಿಮ್ಮ ಮಗನದ್ದು ಮುಗಿದ ಹಾಗೆ.

ಕನ್ನಡದಲ್ಲಿ ಈ ಕೆಲಸ ಶುರುವಾಗಿ ತುಂಬಾ ವರ್ಷ ಆಯಿತು. ಶಿವರಾಮ ಕಾರಂತರು ಮಕ್ಕಳಿಗಾಗಿ ಮೂರು ಸಂಪುಟದ "ಬಾಲ ಪ್ರಪಂಚ" ತಂದದ್ದು 1936ರಲ್ಲಿ. ಆಮೇಲೆ ದೊಡ್ಡವರಿಗೆ ನಾಲ್ಕು ಸಂಪುಟದ "ವಿಜ್ಞಾನ ಪ್ರಪಂಚ". ಒಬ್ಬರೇ ಕೂತು ಬರೆದದ್ದು ಅಂತ ನೆನೆಸಿಕೊಂಡರೆ ಇವತ್ತಿಗೂ ಮೈ ಜುಮ್ ಅನ್ನುತ್ತದೆ. ನಿರಂಜನರು ಸಂಪಾದಿಸಿದ "ಜ್ಞಾನ ಗಂಗೋತ್ರಿ" ಏಳು ಸಂಪುಟ, ಕಿರಿಯರಿಗಾಗಿಯೇ ಮಾಡಿದ ವಿಶ್ವಕೋಶ. ಆಕಾಶದ ವಿಷಯಕ್ಕೆ ಜಿ.ಟಿ. ನಾರಾಯಣರಾಯರ ಪುಸ್ತಕಗಳು. ಅವರ ಕನ್ನಡ ಸ್ವಲ್ಪ ಗಟ್ಟಿ, ಹನ್ನೊಂದು ವರ್ಷದ ಹುಡುಗನ ಪಕ್ಕದಲ್ಲಿ ನೀವೂ ಕೂರಬೇಕು. ಕರ್ನಾಟಕ ರಾಜ್ಯ ವಿಜ್ಞಾನ ಪರಿಷತ್ತಿನ "ಬಾಲ ವಿಜ್ಞಾನ" ಮಾಸಪತ್ರಿಕೆಯ ಹಳೆಯ ಸಂಚಿಕೆ ಸಿಕ್ಕರೆ ಬಿಡಬೇಡಿ.

ಬೇಲೂರು ಓದುಗಿ · ಮಂಗಳವಾರ ಮಧ್ಯಾಹ್ನ

ಗೌರವದಿಂದಲೇ ಹೇಳುತ್ತೇನೆ, ಒಪ್ಪುವುದಿಲ್ಲ. ಜ್ಞಾನ ಗಂಗೋತ್ರಿ ಬಂದದ್ದು 1970ರ ದಶಕದಲ್ಲಿ. ವಾಯೇಜರ್ ನೌಕೆಗಳು ಹೊರಟಿದ್ದೇ 1977ರಲ್ಲಿ, ಗುರುವಿನ ಹತ್ತಿರ ಹೋದದ್ದು 1979ರಲ್ಲಿ. ಗುರು, ಶನಿ ಬಗ್ಗೆ ಇವತ್ತು ನಮಗೆ ಗೊತ್ತಿರುವುದರಲ್ಲಿ ಮುಕ್ಕಾಲು ಪಾಲು ಅದಕ್ಕೂ ಆಮೇಲಿನದ್ದು. ಪ್ಲೂಟೊವನ್ನು ಗ್ರಹಗಳ ಪಟ್ಟಿಯಿಂದ ತೆಗೆದದ್ದು 2006ರಲ್ಲಿ. ನನ್ನ ಅಕ್ಕನ ಮಗಳು ಹಳೆಯ ಪುಸ್ತಕ ನೋಡಿ ಕ್ವಿಜ್‌ನಲ್ಲಿ ಒಂಬತ್ತು ಗ್ರಹ ಅಂತ ಹೇಳಿ ಬಂದು ಅತ್ತಳು. ಮಗುವಿಗೆ ಹಳೆಯ ಮಾಹಿತಿ ಕೊಡುವುದು ತಪ್ಪು.

ಹಳೆ ಪುಸ್ತಕ, ಚಿಕ್ಕಮಗಳೂರು · ಮಂಗಳವಾರ ಸಂಜೆ

ಅವಳು ಅತ್ತದ್ದು ನನಗೂ ನೋವಾಗುತ್ತದೆ ತಂಗಿ. ಆದರೆ ಪುಸ್ತಕದಲ್ಲಿ ಎರಡು ಥರದ್ದು ಇರುತ್ತದೆ. ಎಷ್ಟು ಅನ್ನುವುದು ಹಳೆಯದಾಗುತ್ತದೆ. ಹೇಗೆ ಅನ್ನುವುದು ಅಷ್ಟು ಬೇಗ ಆಗುವುದಿಲ್ಲ. ಶನಿಗೆ ಎಷ್ಟು ಉಪಗ್ರಹ ಅಂತ ಹೋದ ವರ್ಷದ ಪುಸ್ತಕದಲ್ಲೂ ತಪ್ಪಿರಬಹುದು, ಹೊಸದು ಸಿಗುತ್ತಲೇ ಇದೆ. ಗ್ರಹಣ ಹೇಗೆ ಆಗುತ್ತದೆ, ಸನ್ನೆಗೋಲು ಹೇಗೆ ಭಾರ ಎತ್ತುತ್ತದೆ ಅನ್ನುವುದು 1936ರಲ್ಲೂ ಅದೇ.

ನನ್ನ ಮಗಳಿಗೆ ಹಳೆಯ ಪುಸ್ತಕದ ಜೊತೆ ಪೆನ್ಸಿಲ್ ಕೊಡುತ್ತಿದ್ದೆ. ಮೊದಲ ಪುಟದಲ್ಲಿ ಅಚ್ಚಾದ ವರ್ಷ ನೋಡಬೇಕು. ಬದಲಾದದ್ದು ಸಿಕ್ಕರೆ ಪಕ್ಕದಲ್ಲಿ ವರ್ಷ ಹಾಕಿ ಬರೆಯಬೇಕು. ಒಂಬತ್ತು ಗ್ರಹದ ಪಕ್ಕ "2006ರಿಂದ ಎಂಟು, ಪ್ಲೂಟೊ ಕುಬ್ಜ ಗ್ರಹ" ಅಂತ ಅವಳ ಕೈಬರಹ ಇನ್ನೂ ಇದೆ. ವಿಜ್ಞಾನ ತನ್ನನ್ನು ತಾನು ತಿದ್ದಿಕೊಳ್ಳುತ್ತದೆ ಅಂತ ಅವಳಿಗೆ ನಾನು ಬಾಯಿಬಿಟ್ಟು ಹೇಳಲೇ ಇಲ್ಲ.

ಬೇಲೂರು ಓದುಗಿ · ಮಂಗಳವಾರ ಸಂಜೆ

ಪೆನ್ಸಿಲ್ ಮಾತು ಒಪ್ಪಿದೆ. ಪಕ್ಕದಲ್ಲಿ ಹೇಳುವವರು ಇದ್ದರೆ ಮಾತ್ರ.

ಮೂಡಿಗೆರೆ ತೋಟ · ಮಂಗಳವಾರ ರಾತ್ರಿ

ನಮ್ಮ ಊರಿನವರ ಹೆಸರು ಇನ್ನೂ ಬಂದಿಲ್ಲ! ಪೂರ್ಣಚಂದ್ರ ತೇಜಸ್ವಿಯವರ ಮಿಲೇನಿಯಂ ಸರಣಿ. ಸಣ್ಣ ಸಣ್ಣ ಪುಸ್ತಕ, ಆರನೇ ಕ್ಲಾಸಿಗೆ ಧಾರಾಳವಾಗಿ ಓದಬಹುದು. ಪಕ್ಕದಲ್ಲಿ ಕೂತು ಮಾತಾಡಿದ ಹಾಗೆ ಇರುತ್ತದೆ.

ಆದರೆ ನನಗೆ ಹೇಗೆ ಅನ್ನುವುದರ ಹುಚ್ಚು ಹತ್ತಿಸಿದ್ದು ಪುಸ್ತಕವಲ್ಲ, ನಮ್ಮ ತೋಟದ ಹೈಡ್ರಾಮ್. ಹಳ್ಳದ ಪಕ್ಕ ಕಬ್ಬಿಣದ ದಪ್ಪ ಗಡಿಗೆ ಥರದ್ದು. ಕರೆಂಟ್ ಇಲ್ಲ, ಡೀಸೆಲ್ ಇಲ್ಲ, ಹಗಲೂ ರಾತ್ರಿ ಟಕ್ ಟಕ್ ಅಂತ ನೀರನ್ನು ಗುಡ್ಡದ ಮೇಲಿನ ತೊಟ್ಟಿಗೆ ಏರಿಸುತ್ತಿತ್ತು. ಅಜ್ಜ "ನೀರೇ ನೀರನ್ನ ತಳ್ಳುತ್ತೆ ಕಣೋ" ಅನ್ನುತ್ತಿದ್ದರು. ನಾನು ನಂಬಿರಲಿಲ್ಲ. ಕಾಲೇಜಿಗೆ ಹೋದ ಮೇಲೆ ಒಂದು ಪುಸ್ತಕದಲ್ಲಿ ಅದರ ಒಳಗಿನ ಚಿತ್ರ ಸಿಕ್ಕಿತು. ಹಳ್ಳದ ನೀರು ಪೈಪಿನಲ್ಲಿ ಜೋರಾಗಿ ಇಳಿದು ಬಂದು ಒಂದು ಕವಾಟದಿಂದ ಹೊರಗೆ ಚೆಲ್ಲುತ್ತಿರುತ್ತದೆ. ವೇಗ ಏರಿದಾಗ ಅದೇ ನೀರು ಆ ಕವಾಟವನ್ನು ದಡಕ್ಕನೆ ಮುಚ್ಚುತ್ತದೆ. ಓಡಿ ಬರುತ್ತಿದ್ದ ಅಷ್ಟೂ ನೀರಿಗೆ ದಾರಿ ಇಲ್ಲ. ಆ ಗುದ್ದಿಗೆ ಸ್ವಲ್ಪ ನೀರು ಇನ್ನೊಂದು ಕವಾಟ ತೆಗೆದುಕೊಂಡು ಮೇಲಿನ ಪೈಪಿಗೆ ನುಗ್ಗುತ್ತದೆ. ಒತ್ತಡ ಇಳಿಯುತ್ತದೆ, ಮೊದಲ ಕವಾಟ ತೆರೆಯುತ್ತದೆ, ಮತ್ತೆ ಅದೇ. ಹೆಚ್ಚಿನ ನೀರು ಹಳ್ಳಕ್ಕೇ ಹೋಗುತ್ತದೆ, ಸ್ವಲ್ಪ ಮಾತ್ರ ಗುಡ್ಡ ಹತ್ತುತ್ತದೆ. ಫ್ರಾನ್ಸಿನಲ್ಲಿ ಇದನ್ನು ಕಂಡುಹಿಡಿದದ್ದು 1796ರಲ್ಲಿ. ಬಿಸಿಗಾಳಿ ಬಲೂನು ಹಾರಿಸಿದ ಮೊಂಗೊಲ್ಫಿಯೆ ಅಣ್ಣತಮ್ಮಂದಿರಲ್ಲಿ ಒಬ್ಬರು.

ಆ ಚಿತ್ರ ನೋಡುವ ಹೊತ್ತಿಗೆ ಅಜ್ಜ ಇರಲಿಲ್ಲ. ಅವರು ಹೇಳಿದ್ದು ನಿಜ ಅಂತ ಹೋಗಿ ಹೇಳಲು ಆಗಲಿಲ್ಲ. ಅಕ್ಕ, ಮಗ ಕೇಳುವಾಗಲೇ ಪುಸ್ತಕ ಹುಡುಕುತ್ತಿದ್ದೀರಲ್ಲ, ಅದು ನನಗೆ ತುಂಬಾ ಇಷ್ಟವಾಯಿತು.

ಸಕಲೇಶಪುರ ಹಳಿ · ಬುಧವಾರ ಬೆಳಿಗ್ಗೆ

ಇಂಗ್ಲಿಷ್ ಪುಸ್ತಕ ಒಂದು ಹೇಳಬಹುದಾ? ಡೇವಿಡ್ ಮೆಕಾಲೆ ಅವರ "ದ ವೇ ಥಿಂಗ್ಸ್ ವರ್ಕ್", 1988ರದ್ದು. ದೊಡ್ಡ ಕೂದಲಿನ ಮ್ಯಾಮತ್ ಆನೆಗಳು ಒಂದೊಂದು ಯಂತ್ರ ತೋರಿಸುತ್ತವೆ. ಆಮೇಲೆ ಹೊಸದಾಗಿ ಸೇರಿಸಿ ತಿದ್ದಿದ ಮುದ್ರಣಗಳೂ ಬಂದಿವೆ. ಇಂಗ್ಲಿಷ್ ಬರದಿದ್ದರೂ ಚಿತ್ರದಲ್ಲೇ ಅರ್ಧ ಅರ್ಥವಾಗುತ್ತದೆ. ಅದು ಶುರುವಾಗುವುದೇ ಇಳಿಜಾರಿನಿಂದ.

ನನಗೆ ಆ ಪಾಠ ಕೆಲಸದಲ್ಲಿ ಸಿಕ್ಕಿತು, ಹಳಿ ಕೆಲಸದಲ್ಲಿದ್ದೆ. ಸಕಲೇಶಪುರದಿಂದ ಸುಬ್ರಹ್ಮಣ್ಯ ರೋಡ್‌ವರೆಗಿನ ಘಾಟಿಯಲ್ಲಿ 57 ಸುರಂಗ. ಇಳಿಜಾರು 50ಕ್ಕೆ 1, ಅಂದರೆ 50 ಮೀಟರ್ ಹೋದರೆ 1 ಮೀಟರ್ ಏರು. ನಡೆದು ಹೋಗುವವರಿಗೆ ಅದು ಏರು ಅಂತಲೇ ಅನ್ನಿಸುವುದಿಲ್ಲ. ರೈಲಿಗೆ ಮಾತ್ರ ಹಿಂದಿನಿಂದ ತಳ್ಳಲು ಬ್ಯಾಂಕರ್ ಎಂಜಿನ್ ಬೇಕು. ಉಕ್ಕಿನ ಮೇಲೆ ಉಕ್ಕು, ಹಿಡಿತ ಕಡಿಮೆ. ಸಮತಟ್ಟಿನಲ್ಲಿ ರೈಲು ಸಲೀಸಾಗಿ ಓಡುವುದೂ ಚಕ್ರಕ್ಕೆ ತಡೆ ಕಡಿಮೆ ಇರುವುದರಿಂದಲೇ.

ಹುಡುಗನಿಗೆ ಒಂದು ಆಟ. ಎರಡು ಪೇಪರ್ ಟೀ ಕಪ್ ತಗೊಂಡು ಬಾಯಿಗೆ ಬಾಯಿ ಸೇರಿಸಿ ಟೇಪ್ ಹಾಕಿ. ಇನ್ನೆರಡನ್ನು ತಳಕ್ಕೆ ತಳ ಸೇರಿಸಿ. ಎರಡು ಕೋಲನ್ನು ಹಳಿ ಥರ ಸ್ವಲ್ಪ ಇಳಿಜಾರಾಗಿ ಇಟ್ಟು ಉರುಳಿಸಿ. ಬಾಯಿ ಸೇರಿಸಿದ್ದು ಅಲುಗಾಡಿದರೂ ತಾನೇ ನಡುವಿಗೆ ಬರುತ್ತದೆ. ತಳ ಸೇರಿಸಿದ್ದು ಬಿದ್ದುಹೋಗುತ್ತದೆ. ರೈಲಿನ ಚಕ್ರವೂ ಒಳಗಡೆ ದಪ್ಪ, ಹೊರಗಡೆ ಸಣ್ಣ. ತಿರುವಿನಲ್ಲಿ ಅದನ್ನು ದಾರಿಗೆ ತರುವುದು ಆ ಆಕಾರ. ಅಂಚಿನ ಪಟ್ಟಿ ಇರುವುದು ಕೊನೆಯ ಕಾವಲಿಗೆ.

ಸಾಲಗಾಮೆ ರಸ್ತೆ ಅಮ್ಮ · ಗುರುವಾರ ರಾತ್ರಿ

ಎಲ್ಲರಿಗೂ ಏನು ಹೇಳಲಿ ಗೊತ್ತಾಗುತ್ತಿಲ್ಲ. ಮೂರು ದಿನದಿಂದ ರಾತ್ರಿ ಊಟ ಆದ ಮೇಲೆ ನಿಮ್ಮೆಲ್ಲರ ಬರಹ ಅವನಿಗೆ ಓದಿ ಹೇಳುತ್ತಿದ್ದೇನೆ. ಕಪ್ ಆಟ ಮೂವತ್ತು ಸಲ ಆಗಿದೆ. ಕಣದ ಚಿತ್ರ ಬರೆದು ಹೊರಗಿನ ಎತ್ತಿನ ಬೆನ್ನ ಮೇಲೆ ಡಿಶ್ ಇಟ್ಟಿದ್ದಾನೆ. ಮಾವ ಕೊಟ್ಟ ಪುಸ್ತಕದಲ್ಲಿ "ಭೂಸ್ಥಿರ" ಅನ್ನುವುದರ ಪಕ್ಕ ಪೆನ್ಸಿಲ್‌ನಲ್ಲಿ "ನಿಂತಿಲ್ಲ, ಜೊತೆಗೆ ಓಡುತ್ತಿದೆ" ಅಂತ ಬರೆದಿದ್ದಾನೆ.

ಈಗ ಹೊಸ ಪ್ರಶ್ನೆ. ಮೇಲೆ ಗಾಳಿ ಇಲ್ಲ, ತಡೆ ಇಲ್ಲ. ಹಾಗಿದ್ದರೆ ಎಂ.ಸಿ.ಎಫ್.ನವರಿಗೆ ದಿನಾ ಏನು ಕೆಲಸ? ಸುಮ್ನೆ ಬಿಟ್ಟರೂ ಓಡುತ್ತದಲ್ವಾ?

ಅರಸೀಕೆರೆ ಮೇಷ್ಟ್ರು · ಗುರುವಾರ ರಾತ್ರಿ

ಭೇಷ್. ಬಿಟ್ಟರೆ ಓಡುತ್ತದೆ, ಆದರೆ ಸಾಲು ತಪ್ಪುತ್ತದೆ. ಚಂದ್ರ, ಸೂರ್ಯ ಇಬ್ಬರೂ ಎಳೆದು ಅದರ ದಾರಿಯನ್ನು ವರ್ಷಕ್ಕೆ ಒಂದು ಡಿಗ್ರಿಗೆ ಸ್ವಲ್ಪ ಕಡಿಮೆ ಓರೆ ಮಾಡುತ್ತಾರೆ. ಆಗ ಅದು ದಿನಾ ತೆಂಕಣಕ್ಕೂ ಬಡಗಣಕ್ಕೂ ತೂಗಾಡತೊಡಗುತ್ತದೆ. ಭೂಮಧ್ಯರೇಖೆಯೂ ಪೂರ್ತಿ ದುಂಡಗಿಲ್ಲ. ಅದರಿಂದ ಪೂರ್ವ ಪಶ್ಚಿಮಕ್ಕೂ ಜಾರುತ್ತದೆ. ಆಲೂರಿನವರು ಬಿಗಿ ಮಾಡಿದ ತಟ್ಟೆ ವರ್ಷಗಟ್ಟಲೆ ನಡೆಯುವುದು, ಹಾಸನದಲ್ಲೋ ಭೋಪಾಲದಲ್ಲೋ ಕೂತವರು ಆಗಾಗ ಸಣ್ಣ ಎಂಜಿನ್ ಉರಿಸಿ ಉಪಗ್ರಹವನ್ನು ಜಾಗಕ್ಕೆ ತರುವುದರಿಂದ.

ಹಾಸನದ ಕೇಂದ್ರ ಶುರುವಾದದ್ದು 1982ರಲ್ಲಿ. ಅದೇ ಏಪ್ರಿಲ್‌ನಲ್ಲಿ ಹಾರಿದ ಇನ್ಸಾಟ್-1ಎ ಸೆಪ್ಟೆಂಬರ್ ಹೊತ್ತಿಗೆ ಇಂಧನ ಖಾಲಿಯಾಗಿ ಕೈಬಿಟ್ಟಿತು. ಮುಂದಿನ ವರ್ಷ ಇನ್ಸಾಟ್-1ಬಿ ಹೋಗಿ ಕೆಲಸ ಮಾಡಿತು. ಈಗ ಇಂಧನ ಮುಗಿಯುವ ಮೊದಲೇ ಕೊನೆಯ ಸಲ ಎಂಜಿನ್ ಉರಿಸಿ, ಉಪಗ್ರಹವನ್ನು ಸುಮಾರು 300 ಕಿಲೋಮೀಟರ್ ಇನ್ನೂ ಮೇಲಕ್ಕೆ ಕಳಿಸಿ ಬೇರೆಯವರಿಗೆ ಜಾಗ ಬಿಡುತ್ತಾರೆ.

ಒಂದು ಚಂದದ ವಿಷಯ ಕೇಳಿ. ಪೂರ್ವ ಪಶ್ಚಿಮಕ್ಕೆ ಸ್ವಲ್ಪ ಜಾರಿದರೂ ಮತ್ತೆ ತನ್ನ ಕಡೆಗೇ ಎಳೆದುಕೊಳ್ಳುವ ಜಾಗ ಆಕಾಶದಲ್ಲಿ ಎರಡೇ. ಅದರಲ್ಲಿ ಒಂದು 75 ಡಿಗ್ರಿ ಪೂರ್ವ ರೇಖಾಂಶದ ಹತ್ತಿರ. ನಡುವೆ ಕೆಟ್ಟುನಿಂತ ಎಷ್ಟೋ ಉಪಗ್ರಹಗಳು ವರ್ಷಗಟ್ಟಲೆ ಅದರ ಆಚೆ ಈಚೆ ಉಯ್ಯಾಲೆ ಆಡುತ್ತಿವೆ. ಹಾಸನ ಇರುವುದು 76 ಡಿಗ್ರಿಯಲ್ಲಿ. ನಿಮ್ಮ ತಾರಸಿಯಲ್ಲಿ ದಕ್ಷಿಣಕ್ಕೆ ಮುಖ ಮಾಡಿ, ನೆತ್ತಿಯಿಂದ 15 ಡಿಗ್ರಿ ಕೆಳಗೆ ನೋಡಿ. ಕಣ್ಣಿಗೆ ಏನೂ ಕಾಣುವುದಿಲ್ಲ. ಜಾಗ ಅದೇ.

ಈಗ ನಾನು ಅವನಿಗೆ ಒಂದು ಲೆಕ್ಕ ಕೊಡುತ್ತೇನೆ. ಚಂದ್ರನೂ ಬೀಳುತ್ತಿದ್ದಾನೆ. ನೆಲದ ಹತ್ತಿರ ಕಲ್ಲು ಮೊದಲ ಸೆಕೆಂಡಿನಲ್ಲಿ 4.9 ಮೀಟರ್ ಬೀಳುತ್ತದೆ. ಭೂಮಿಯ ನಡುವಿನಿಂದ ಅಳೆದರೆ ಚಂದ್ರ ನಮಗಿಂತ 60 ಪಟ್ಟು ದೂರ. 60 ಪಟ್ಟು ದೂರಕ್ಕೆ ಸೆಳೆತ 60ರಲ್ಲಿ ಒಂದು ಪಾಲು ಅಲ್ಲ, 60ನ್ನು 60ರಿಂದ ಗುಣಿಸಿ ಅಷ್ಟರಲ್ಲಿ ಒಂದು ಪಾಲು. ಚಂದ್ರ ಸೆಕೆಂಡಿಗೆ ಎಷ್ಟು ಬೀಳುತ್ತಾನೆ?

ಹಳೆ ಪುಸ್ತಕ, ಚಿಕ್ಕಮಗಳೂರು · ಶುಕ್ರವಾರ ಬೆಳಿಗ್ಗೆ

ಅಕ್ಕ, ಜ್ಞಾನ ಗಂಗೋತ್ರಿಯ ಎರಡು ಬಿಡಿ ಸಂಪುಟ ನನ್ನಲ್ಲಿವೆ. ಹೊದಿಕೆ ಹಾಕಿ ಇಟ್ಟಿದ್ದೇನೆ. ಭಾನುವಾರ ಹಾಸನಕ್ಕೆ ಬರುವುದಿದೆ, ತರುತ್ತೇನೆ. ದುಡ್ಡು ಬೇಡ, ಓದಿ ವಾಪಸ್ ಕೊಡಲಿ. ಪೆನ್ಸಿಲ್‌ನಲ್ಲಿ ಬರೆಯಬಹುದು.

ಸಾಲಗಾಮೆ ರಸ್ತೆ ಅಮ್ಮ · ಶುಕ್ರವಾರ ರಾತ್ರಿ

ಇದು ಅವನೇ ಹೇಳಿ ಬರೆಸುತ್ತಿರುವುದು.

"ಅಜ್ಜ, 60 ಗುಣಿಸು 60 ಅಂದ್ರೆ 3,600. 4.9 ಮೀಟರ್ ಅಂದ್ರೆ 4,900 ಮಿಲಿಮೀಟರ್. ಭಾಗಿಸಿದ್ರೆ 1.36 ಬಂತು. ಎರಡು ಸಲ ಮಾಡಿದೆ, ಅಷ್ಟೇ ಬಂತು. ಅಷ್ಟು ದೊಡ್ಡ ಚಂದ್ರ ಸ್ಕೇಲಿನಲ್ಲಿ ಒಂದೂವರೆ ಗೆರೆನೂ ಬೀಳಲ್ವಾ?"

ಅರಸೀಕೆರೆ ಮೇಷ್ಟ್ರು · ಶುಕ್ರವಾರ ರಾತ್ರಿ

ಸರಿಯಾಗಿದೆ ಪುಟ್ಟ. ಅಷ್ಟೇ ಬೀಳುವುದು.